ಹಲ್ಲಿದ್ದದ್ದು ಮಗಳದ್ದು

ಅಚ್ಚುಮನೆ, ಪ್ರೂಫ್ ಮೇಜಿನಿಂದ
ಹತ್ತನೆಯ ತಾರೀಖು, ಮಂಗಳವಾರ, ಊಟದ ಬಿಡುವು

ಪ್ರೀತಿಯ ಅಕ್ಕಾ,

ಹೇಗಿದ್ದೀ? ಸೊಂಟದ ನೋವು ಇಳಿಯಿತೇ? ಇಡೀ ದಿನ ಕಂಡವರ ಎಲುಬುಗಳ ಎಕ್ಸ್‌ರೇ ತೆಗೆಯುವ ನೀನು ನಿನ್ನದೊಂದು ತೆಗೆಸಿಕೊಂಡಿರಲಾರೆ ಎಂದು ನನಗೆ ಗೊತ್ತು. ತೆಗೆಸಿಕೋ. ಭಾವನವರ ಕೆಮ್ಮು ಹೇಗಿದೆ? ನಾವು ಇಲ್ಲಿ ಕ್ಷೇಮ. ನನಗೆ ಕನ್ನಡಕ ಬದಲಾಗಿದೆ, ನಿನ್ನ ನಾದಿನಿಗೆ, ಅಂದರೆ ನನ್ನ ಹೆಂಡತಿಗೆ, ನನ್ನ ಮೇಲಿನ ಅಭಿಪ್ರಾಯ ಬದಲಾಗಿಲ್ಲ. ಕ್ಷೇಮಸಮಾಚಾರ ಇಷ್ಟು. ಇನ್ನು ಮುಂದೆ ಬರೆಯುವುದನ್ನು ಕೂತುಕೊಂಡು ಓದು, ಏಕೆಂದರೆ ನಾನು ನಿಂತುಕೊಂಡು ಬರೆಯುತ್ತಿದ್ದೇನೆ. ಸಿಟ್ಟು ಕೂರಲು ಬಿಡುತ್ತಿಲ್ಲ.

ಹೋದ ವಾರ ನಮ್ಮ ಯಜಮಾನರು ಒಂದು ಪುಸ್ತಕವನ್ನು ಕೂಸಿನಂತೆ ಎರಡೂ ಕೈಯಲ್ಲಿ ಎತ್ತಿಕೊಂಡು ಬಂದು ನನ್ನ ಮೇಜಿನ ಮೇಲಿಟ್ಟರು. ಯಾರೋ ಗಿರಾಕಿ, ನಮಗೂ ಇಂಥದೇ ಅಚ್ಚು ಬರಬೇಕು ಎಂದು ಮಾದರಿಗೆ ಕೊಟ್ಟುಹೋದದ್ದಂತೆ. ಕಲಾತ್ಮಕ ಛಾಯಾಚಿತ್ರಗಳ ಪುಸ್ತಕ. ಇಂಥವನ್ನು ನೀನು ನೋಡಿರುತ್ತೀ: ಹಲಗೆಯಷ್ಟು ದಪ್ಪ ಕಾಗದ, ಬಲಗಡೆ ಒಂದು ಫೋಟೋ, ಎಡಗಡೆ ಇಡೀ ಪುಟ ಖಾಲಿ. ಶಾಲಾಪುಸ್ತಕದಲ್ಲಿ ಅರ್ಧ ಅಂಗುಲ ಜಾಗ ಮಿಕ್ಕಿದರೂ ಯಜಮಾನರು ನನ್ನನ್ನು ದುರುಗುಟ್ಟಿ ನೋಡುತ್ತಾರೆ; ಇಲ್ಲಿ ಖಾಲಿ ಬಿಟ್ಟಷ್ಟೂ ಕಲೆ. ಪುಸ್ತಕದ ಹೆಸರು ಬರೆಯಲು ಕೈ ಬರುವುದಿಲ್ಲ. ಅದರಲ್ಲಿ ‘ಮೌನ’ ಎಂಬ ಪದವಿದೆ ಎಂದರೆ ಉಳಿದದ್ದನ್ನು ನೀನೇ ಊಹಿಸಿಕೋ. ಹೊದಿಕೆಯ ಮೇಲೆ ಛಾಯಾಗ್ರಾಹಕರ ಹೆಸರು ನೋಡಿದೆ. ನಮ್ಮ ಕೋಟು ಚಿಕ್ಕಪ್ಪ! ಪರವಾಗಿಲ್ಲವೇ, ಎಪ್ಪತ್ತಾರನೆಯ ವಯಸ್ಸಿಗಾದರೂ ಮರ್ಯಾದೆ ಸಿಕ್ಕಿತಲ್ಲ ಎಂದು ಖುಷಿಯಿಂದಲೇ ತೆರೆದೆ. ಆ ಖುಷಿಯ ಆಯುಷ್ಯ ಎಂಟು ಪುಟ.

ಒಂಬತ್ತನೆಯ ಪುಟದಲ್ಲಿ ಅಮ್ಮ ಇದ್ದಾಳೆ. ಹಿತ್ತಿಲ ಮೆಟ್ಟಿಲ ಮೇಲೆ ಕೂತು ಕೂದಲು ಒಣಗಿಸಿಕೊಳ್ಳುತ್ತಿದ್ದಾಳೆ, ತಲೆ ಒಂದು ಪಕ್ಕಕ್ಕೆ ವಾಲಿದೆ, ಬಾಯಲ್ಲಿ ಎರಡು ಹೇರ್‌ಪಿನ್. ಕೆಳಗಿನ ಬರಹ: ‘ಅನಾಮಿಕ ಸ್ತ್ರೀ’. ಅನಾಮಿಕಳಂತೆ! ಆ ಅನಾಮಿಕ ಸ್ತ್ರೀಯ ಕೈಯಡುಗೆಯನ್ನು ಚಿಕ್ಕಪ್ಪ ಇಪ್ಪತ್ತು ವರ್ಷ ಎರಡು ಹೊತ್ತೂ ಉಂಡಿದ್ದಾರೆ. ಮೂವತ್ತೇಳನೆಯ ಪುಟದಲ್ಲಿ ನಾನಿದ್ದೇನೆ, ಹದಿನೇಳರ ಪ್ರಾಯದವನು, ನಮ್ಮ ಫೋಟೋ ಸ್ಟುಡಿಯೋದ ಕದಕ್ಕೆ ಒರಗಿಕೊಂಡು. ಅದರ ಕೆಳಗೆ ‘ನಿರುದ್ಯೋಗಿ ಪೀಳಿಗೆಯ ಹತಾಶೆ’ ಎಂದಿದೆ. ಅಕ್ಕಾ, ಅದು ಹಲ್ಲುನೋವು! ಆವತ್ತು ಲವಂಗ ಕಚ್ಚಿಕೊಂಡು ನಿಂತಿದ್ದೆ, ನೀನು ‘ಅಲ್ಲೇ ಇರೋ, ಮುಖ ಚೆನ್ನಾಗಿ ಕೆಟ್ಟಿದೆ’ ಎಂದಿದ್ದೆ. ಹೌದು, ನೀನು. ಅಮ್ಮನ ಫೋಟೋ ತೆಗೆದವಳೂ ನೀನೇ. ಅವಳು ನಿನ್ನನ್ನು ಮರೆಯುವವರೆಗೆ ಬಟ್ಟೆ ಒಗೆಯುವ ಕಲ್ಲಿನ ಪಕ್ಕ ಮುಕ್ಕಾಲು ಗಂಟೆ ಕುಕ್ಕರಗಾಲಲ್ಲಿ ಕೂತಿದ್ದೆ, ಎದ್ದಾಗ ಕಾಲು ಜೋಮು ಹಿಡಿದು ನನ್ನ ಮೇಲೆ ಬಿದ್ದಿದ್ದೆ.

ನೆನಪಿಗೆ ಸಾಕ್ಷಿ ಎಲ್ಲಿದೆ ಎಂದು ನೀನು ಕೇಳುತ್ತೀ. ಇದೆ. ಪುಸ್ತಕದಲ್ಲೇ ಅಚ್ಚಾಗಿದೆ! ಈ ಕಲಾವಿದರಿಗೆ ಫೋಟೋದ ಅಂಚು ಕತ್ತರಿಸಿದರೆ ಪಾಪ ಬರುತ್ತದಂತೆ, ಆದ್ದರಿಂದ ನೆಗೆಟಿವ್ ಇದ್ದ ಹಾಗೇ, ಸುತ್ತಲ ಕಪ್ಪು ಅಂಚಿನ ಸಮೇತ ಅಚ್ಚು ಹಾಕಿದ್ದಾರೆ. ಕೆಳಗೆ ಎಡಮೂಲೆ ನೋಡಿದೆ. ಅಕ್ಕಿಕಾಳಿನಷ್ಟು ಚಿತ್ರ ಕಪ್ಪು ಅಂಚಿನೊಳಗೆ ಚಾಚಿಕೊಂಡಿದೆ. ಅಪ್ಪ ಕೊರೆದ ಹಲ್ಲು! ಸ್ಟುಡಿಯೋದಲ್ಲಿ ನಿನ್ನದೂ ಚಿಕ್ಕಪ್ಪನದೂ ಒಂದೇ ತರಹದ ಕ್ಯಾಮೆರಾ, ತೊಳೆದ ರೋಲುಗಳು ಒಂದೇ ಹಗ್ಗದಲ್ಲಿ ಒಣಗುತ್ತಿದ್ದವು, ಯಾವುದಾದರೂ ಕೆಟ್ಟಿದ್ದರೆ ಅದು ನಿನ್ನದೇ ಎಂದು ಚಿಕ್ಕಪ್ಪ ಕೂಗಾಡುತ್ತಿದ್ದರು. ಅಪ್ಪ ಒಂದು ದಿನ ನಿನ್ನ ಕ್ಯಾಮೆರಾದ ಬೆನ್ನು ತೆರೆದು, ಫಿಲ್ಮಿನ ಮುಂದಿರುವ ಚೌಕಟ್ಟಿನ ಒಂದು ಮೂಲೆಯನ್ನು ಅರದಿಂದ ಸ್ವಲ್ಪವೇ ಉಜ್ಜಿ, ಪ್ರತಿ ಫೋಟೋದ ಅಂಚಿಗೂ ಹಲ್ಲು ಮೂಡುವಂತೆ ಮಾಡಿ, ‘ಇನ್ಮೇಲೆ ಜಗಳ ಬೇಡ. ಹಲ್ಲಿದ್ದದ್ದು ಮಗಳದ್ದು, ಹಲ್ಲಿಲ್ಲದ್ದು ತಮ್ಮನದ್ದು’ ಎಂದರು. ನಿನ್ನ ತಪ್ಪು ಹಿಡಿಯಲು ಅನುಕೂಲವಾಯಿತೆಂದು ಚಿಕ್ಕಪ್ಪನಿಗೆ ಆಗ ಬಹಳ ಸಂತೋಷ. ಪುಸ್ತಕದಲ್ಲಿ ಅರವತ್ತನಾಲ್ಕು ಫೋಟೋಗಳಿವೆ. ದಪ್ಪ ಭೂತಗನ್ನಡಿ ಹಿಡಿದು ಮೂರು ಸಲ ನೋಡಿದೆ. ನಲವತ್ತೊಂದಕ್ಕೆ ಹಲ್ಲಿದೆ. ಇನ್ನೂ ಒಂದು ಗುರುತು ಹೇಳುತ್ತೇನೆ: ಹಲ್ಲಿಲ್ಲದ ಇಪ್ಪತ್ತಮೂರರಲ್ಲಿ ಎಲ್ಲರೂ ಹಲ್ಲು ಬಿಟ್ಟಿದ್ದಾರೆ, ಏಕೆಂದರೆ ‘ನಗಿ, ನಗಿ, ಇನ್ನೂ ನಗಿ’ ಎನ್ನದೆ ಚಿಕ್ಕಪ್ಪ ಜೀವಮಾನದಲ್ಲಿ ಗುಂಡಿ ಒತ್ತಿದವರಲ್ಲ. ಹಲ್ಲಿರುವ ನಲವತ್ತೊಂದರಲ್ಲಿ ಒಬ್ಬರೂ ನಗುತ್ತಿಲ್ಲ. ಅವರವರ ಕೆಲಸದಲ್ಲಿ ಅವರವರಿದ್ದಾರೆ.

ಇನ್ನು ಮುನ್ನುಡಿಕಾರರ ವಿಷಯ. ಮಹಾನುಭಾವರು ಆ ಹಲ್ಲಿನ ಮೇಲೆ, ಬೇರೆಯೇ ಪುಟಸಂಖ್ಯೆ ಹಾಕಿಸಿಕೊಂಡು, ಹನ್ನೊಂದು ಪುಟ ಬರೆದಿದ್ದಾರೆ. ಅದು ‘ಕಾಲವು ಚೌಕಟ್ಟಿಗೆ ಮಾಡಿದ ಗಾಯ’ವಂತೆ, ‘ಪೂರ್ಣತೆಯ ನಿರಾಕರಣೆ’ಯಂತೆ. ಅಂಚಿನಲ್ಲೇ ಎರಡು ಸಾಲು ಗೀಚಿದೆ, ಪೆನ್ಸಿಲ್ಲಿನಲ್ಲಿ, ಗಿರಾಕಿಯ ಪುಸ್ತಕವಲ್ಲವೇ:

ಅಂಚಲಿ ಕಂಡರೆ ಅಕ್ಕಿಯ ಕಾಳು
ಹನ್ನೊಂದು ಪುಟದಲಿ ದರ್ಶನ ಹೇಳು!

ಛಾಯಾಗ್ರಾಹಕರ ಪರಿಚಯದಲ್ಲಿ ಚಿಕ್ಕಪ್ಪ ‘ಮುಂಜಾವಿನ ಬೀದಿಗಳಲ್ಲಿ ಏಕಾಂಗಿಯಾಗಿ ಅಲೆದ’ ಅಲೆಮಾರಿ. ಒಂಬತ್ತು ಗಂಟೆಗೆ ಮುಂಚೆ ಅವರು ಎದ್ದದ್ದನ್ನು ನೋಡಿದವರು ಯಾರಾದರೂ ಇದ್ದರೆ ಮುಂದೆ ಬರಲಿ, ಕೈಮುಗಿಯುತ್ತೇನೆ. ಸುಮ್ಮನಿರಲಾಗದೆ ಭಾನುವಾರ ಅವರ ಪ್ರದರ್ಶನಕ್ಕೆ ಹೋದೆ. ಬಿಳಿ ಗೋಡೆ, ಪಿಸುಮಾತು, ನೆಲ ಕಿರುಗುಟ್ಟಿದರೂ ಎಲ್ಲರೂ ತಿರುಗಿ ನೋಡುವ ಜಾಗ. ಅಮ್ಮ ಗೋಡೆಯಷ್ಟು ಎತ್ತರಕ್ಕೆ ಕೂತಿದ್ದಳು. ಯಾರೋ ಹೆಣ್ಣುಮಗಳು ಆ ಅಂಚಿನ ಗುರುತು ಏನೆಂದು ಕೇಳಿದಳು. ಚಿಕ್ಕಪ್ಪ ಕೋಟಿನ ಜೇಬಿಗೆ ಕೈಯಿಟ್ಟು, ಚಾವಣಿ ನೋಡಿ, ‘ಅದು ನನ್ನ ಸಹಿ’ ಎಂದರು. ಅಕ್ಕಾ, ನನ್ನ ಕಿವಿಯಿಂದ ಹೊಗೆ ಬಂದಿರಬೇಕು. ಆಮೇಲೆ ಅವರನ್ನು ಕಂಬದ ಹಿಂದೆ ಹಿಡಿದು ಕೇಳಿದೆ. ಗಾಬರಿಯೇ ಆಗಲಿಲ್ಲ. ‘ಕ್ಯಾಮೆರಾ ಯಾರದಾದ್ರೆ ಏನೋ, ಬೋರ್ಡ್ ಮೇಲೆ ಇದ್ದದ್ದು ನನ್ನ ಹೆಸರು. ಅವಳಿಗೇ ಬೇಡವಾಗಿ ಬಿಟ್ಟು ಹೋದದ್ದು, ನಿನಗ್ಯಾಕೆ ಉರಿ?’ ಎಂದು ನನ್ನ ಬೆನ್ನು ತಟ್ಟಿ ಫೋಟೋಗೆ ನಿಲ್ಲಲು ಹೋದರು. ಬೇಡವಾಗಿ ಹೋದದ್ದಂತೆ! ಅಪ್ಪ ತೀರಿಕೊಂಡ ತಿಂಗಳಿಗೇ ಡಾರ್ಕ್‌ರೂಮಿಗೆ ಹೊಸ ಬೀಗ ಹಾಕಿ, ‘ಇದು ಹೆಣ್ಣುಮಕ್ಕಳ ಕೆಲಸ ಅಲ್ಲಮ್ಮ’ ಎಂದವರು ಯಾರು? ನೀನು ನಿನ್ನ ಕ್ಯಾಮೆರಾ ಒಂದನ್ನೇ ಟವೆಲಿನಲ್ಲಿ ಸುತ್ತಿಕೊಂಡು ಹೊರಟದ್ದನ್ನು ನಾನು ಮರೆತಿಲ್ಲ. ಮನೆಗೆ ಬರುವಾಗ ಬಸ್ಸಿನಲ್ಲಿ ತಾನಾಗಿ ಬಂತು:

ಗುಂಡಿ ಒತ್ತಿದ್ದು ಅಕ್ಕನ ಬೆರಳು
ಪದಕ ಬಿದ್ದದ್ದು ಚಿಕ್ಕಪ್ಪನ ಕೊರಳು.

ಸೋಮವಾರ ರಜೆ ಹಾಕಿ ಪ್ರಕಾಶಕಿಯ ಕಚೇರಿಗೆ ಹೋದೆ. ಖಡಕ್ ಹೆಂಗಸು, ಆದರೆ ನ್ಯಾಯವಂತೆ. ಎಲ್ಲವನ್ನೂ ಕೇಳಿಸಿಕೊಂಡು ಒಂದು ಹಾಳೆ ತೆಗೆದು ತೋರಿಸಿದರು. ಅದರ ವಿಷಯ ಆಮೇಲೆ. ಕೊನೆಗೆ, ‘ನೀವು ಹೇಳೋದು ಕಥೆ. ಹಲ್ಲು ಕಾಣ್ತಾ ಇದೆ, ಆ ಹಲ್ಲಿರೋ ಬಾಯಿ ತಂದು ತೋರಿಸಿ, ಹೆಸರು ಬದಲಾಯಿಸ್ತೀನಿ’ ಎಂದರು. ಎರಡನೆಯ ಮುದ್ರಣ ಈ ತಿಂಗಳ ಮೂವತ್ತಕ್ಕೆ ಅಚ್ಚಿಗೆ ಹೋಗುತ್ತದೆ. ಅದು ಹೋದರೆ, ಊರೂರಿನ ಗ್ರಂಥಾಲಯಗಳಲ್ಲಿ ನೀನು ಎಂದೆಂದಿಗೂ ಚಿಕ್ಕಪ್ಪ.

ನೀನು ‘ಹೋಗ್ಲಿ ಬಿಡೋ’ ಎನ್ನುತ್ತೀ, ಗೊತ್ತು. ಸ್ಟುಡಿಯೋ ಹೋದಾಗ ಅಂದೆ, ಫೋಟೋ ತೆಗೆಯುವ ಕೆಲಸ ಹೋದಾಗ ಅಂದೆ. ನಿನ್ನದು ಹೋಗಲಿ ಎನ್ನುವ ಹಕ್ಕು ನಿನಗಿರಬಹುದು. ಅಮ್ಮನನ್ನು ಅನಾಮಿಕ ಸ್ತ್ರೀ ಎಂದು ಬಿಟ್ಟುಬಿಡುವ ಹಕ್ಕು ನಮ್ಮಿಬ್ಬರಿಗೂ ಇಲ್ಲ.

ಯಜಮಾನರು ಕೆಮ್ಮುತ್ತಿದ್ದಾರೆ, ಬಿಡುವು ಮುಗಿಯಿತು. ಭಾವನವರಿಗೆ ನಮಸ್ಕಾರ, ಮಗಳಿಗೆ ನನ್ನ ಮುದ್ದು, ನಿನ್ನ ಸೊಂಟಕ್ಕೆ ನನ್ನ ಎಚ್ಚರಿಕೆ.

ಇತಿ ನಿನ್ನ ತಮ್ಮ,
ಗಡಿಯಾರ

ಮರೆತ ಮಾತು: ಮರೆತದ್ದಲ್ಲ, ಬರೆಯಲು ಧೈರ್ಯ ಸಾಲದೆ ಇಲ್ಲಿಯವರೆಗೆ ತಳ್ಳಿಕೊಂಡು ಬಂದದ್ದು. ಪ್ರಕಾಶಕಿ ತೋರಿಸಿದ ಹಾಳೆಯಲ್ಲಿ, ‘ಈ ಪೆಟ್ಟಿಗೆಯಲ್ಲಿರುವ ನೆಗೆಟಿವ್‌ಗಳೆಲ್ಲ ಚಿಕ್ಕಪ್ಪನವರೇ ತೆಗೆದವು ಎಂದು ಕುಟುಂಬದ ಪರವಾಗಿ ದೃಢೀಕರಿಸುತ್ತೇನೆ’ ಎಂದಿದೆ. ಕೆಳಗಿನ ಸಹಿ ನನ್ನದು. ಹೋದ ವರ್ಷ ಚಿಕ್ಕಪ್ಪ ಬಂದು ‘ಅಟ್ಟದ ಮೇಲಿನ ಹಳೇ ಪೆಟ್ಟಿಗೆ ಕೊಡೋ, ನೋಡಿ ಕೊಡ್ತೀನಿ’ ಎಂದಾಗ, ಜಾಗ ಖಾಲಿಯಾಯಿತೆಂದು ಸಂತೋಷದಿಂದ ಇಳಿಸಿಕೊಟ್ಟು, ಅವರು ಚಾಚಿದ ಹಾಳೆಗೆ ಸಹಿ ಹಾಕಿದ್ದೆ. ಇಪ್ಪತ್ತೆರಡು ವರ್ಷದಿಂದ ಊರವರ ಸಾಲನ್ನೆಲ್ಲ ಒತ್ತಕ್ಷರ ಬಿಡದೆ ಓದಿ ಹೊಟ್ಟೆ ಹೊರೆಯುವವನು, ಆ ಒಂದೂವರೆ ಸಾಲನ್ನು ಓದಲಿಲ್ಲ. ಮೇಲೆ ಬರೆದ ಸಿಟ್ಟಿನಲ್ಲಿ ಅರ್ಧವನ್ನು ನನಗೇ ಹಂಚಿಕೋ. ಆ ಸಹಿ ತಪ್ಪೆಂದು ಬರೆದುಕೊಟ್ಟು ಬಂದಿದ್ದೇನೆ, ಆದರೆ ಒಂದು ಸಹಿ ಇನ್ನೊಂದನ್ನು ಅಳಿಸುವುದಿಲ್ಲವಂತೆ. ಕ್ಯಾಮೆರಾವೇ ಬೇಕು. ಈ ಲಕೋಟೆಯ ಜೊತೆ ಒಂದು ರೋಲು ಕಳಿಸಿದ್ದೇನೆ, ಈಗಲೂ ಸಿಗುತ್ತದೆ. ಏನನ್ನಾದರೂ ತೆಗೆ, ಗೋಡೆಯಾದರೂ ಸರಿ. ತೊಳೆಯಲು ಮಾತ್ರ ಕ್ಯಾಮೆರಾ ಹಿಡಿದು ನೀನೇ ಬಾ, ಬಚ್ಚಲಿನ ಕಿಟಕಿಗೆ ಕಪ್ಪು ಕಾಗದ ಅಂಟಿಸಿದ್ದೇನೆ. ನೀನು ಕತ್ತಲಲ್ಲಿ ರೋಲು ಅದ್ದುವಾಗ ಗಡಿಯಾರ ಕಾಣದೆಂದು ನಾನು ಕದದ ಹೊರಗೆ ನಿಂತು ಹೇಳುತ್ತಿದ್ದ ಪದ್ಯ ನೆನಪಿದೆಯೇ?

ತೊಟ್ಟಿಯ ನೀರೇ, ತೊಟ್ಟಿಯ ನೀರೇ,
ಮುಚ್ಚಿಟ್ಟ ಮುಖವ ಮೆಲ್ಲನೆ ತೋರೇ.
ಅವಸರ ಬೇಡ, ಆಲಸ್ಯ ಬೇಡ,
ಅರೆಬೆಂದ ಮೂಗು ಯಾರಿಗೂ ಬೇಡ.

ನಿಧಾನವಾಗಿ ಹೇಳಿದರೆ ಸರಿಯಾಗಿ ಅರ್ಧ ನಿಮಿಷ. ಹದಿನಾರು ಸಲ ಹೇಳಿದರೆ ರೋಲು ಸಿದ್ಧ. ನನ್ನನ್ನು ಬಯ್ಯುವುದಿದ್ದರೆ ಆಗಲೇ ಒಳಗಿನಿಂದ ಬಯ್ಯಿ. ಎಣಿಕೆ ತಪ್ಪುತ್ತದೆ, ಆದ್ದರಿಂದ ನಾನು ತಿರುಗಿ ಮಾತಾಡುವಂತಿಲ್ಲ.