ನಡುಮಧ್ಯಾಹ್ನದ ಉದ್ದ ನೆರಳು

ಲೇ ಜಂಬುನಾಥ,

ಸ್ಕ್ರೂಡ್ರೈವರ್ ನಾನೇ ಬಚ್ಚಿಟ್ಟೀನಿ, ಹುಡುಕಬ್ಯಾಡ. ನಿನ್ನ ಗ್ರಾಫಿಕ್ಸ್ ಕಾರ್ಡ್ ಕೆಟ್ಟಿಲ್ಲ! ಗೇಮಿನ್ಯಾಗ ನೆಳ್ಳು ಪಟಪಟ ಮಿನುಗೋದು ನಿಂತೈತಿ. ಮೂರು ದಿನ ಊಟ ಬಿಟ್ಟು ನೀ ಕಾರ್ಡಿನ ಡ್ರೈವರ್ ಸಾಫ್ಟ್‌ವೇರ್ ಹಾಕಿದ್ದು, ತೆಗೆದದ್ದು ಎಲ್ಲಾ ದಂಡ. ತಪ್ಪು ಕಂಡುಹಿಡಿದಾಕಿ ಯಾರು ಹೇಳು? ನಮ್ಮ ಗಾದೆಮ್ಮಜ್ಜಿ!

ಮುಂಜಾನಿ ನಾ ಗೇಮ್ ಹಚ್ಚಿದಾಗ ಅಜ್ಜಿ ಹಿಂದ ನಿಂತು ಅದರಾಗಿನ ಕುರಿ ನೋಡಾಕತ್ತಿದ್ಲು. ಸ್ಕ್ರೀನ್ ಮ್ಯಾಲೆ ಗೇಣು ಹಾಕಿ ನೆಳ್ಳು ಅಳದು, "ಇದರಾಗ ಸೂರ್ಯ ನೆತ್ತಿ ಮ್ಯಾಲೆ ಅದಾನ, ನೆಳ್ಳು ನೋಡಿದ್ರ ಕುರಿ ಹಟ್ಟಿಗೆ ಹೊಡ್ಯೋ ಹೊತ್ತಿಂದು. ಇವ್ರಿಗೆ ಎರಡು ಹೊತ್ತು ಅದಾವೇನು?" ಅಂದ್ಲು. ನಲವತ್ತು ವರ್ಷ ನೆಳ್ಳು ನೋಡೇ ಕುರಿ ತಿರುಗಿಸಿದಾಕಿ! ನಂಗ ಆಗ ಹೊಳೀತು. ಚಂದ ಕಾಣ್ಲಿ ಅಂತ ನೀ ನೆಟ್ಟಿನಿಂದ ಇಳಿಸಿ ಹಾಕಿದ್ಯಲ್ಲ ಸಂಜಿ ನೆಳ್ಳಿನ ಫೈಲು, ಅದಕ್ಕೂ ಗೇಮಿನ ಸೂರ್ಯಗೂ ಜಗಳ ನಡೆದಿತ್ತು. ಆ ಫೈಲು ಕಿತ್ತು ಒಗದೀನಿ. ಈಗ ನೆಳ್ಳು ಕಾಲು ಬಿಟ್ಟು ಕದಲಂಗಿಲ್ಲ. ನಾವಿಬ್ರೂ ಕುಣಿದ ಕುಣಿತಕ್ಕ ಪಕ್ಕದ ಮನಿಯವ್ರು ಬಂದು ನೋಡಿ ಹೋದ್ರು.

ನಾ ಹರಪನಹಳ್ಳಿ ಬಸ್ಸಿಗೆ ಹೊಂಟೆ. ಬುಟ್ಟ್ಯಾಗ ರೊಟ್ಟಿ ಐತಿ, ಮೊದಲು ತಿನ್ನು. ಆ ಫೈಲು ಮತ್ತ ಹಾಕಿದಿ ಅಂದ್ರ ಪಾಸ್‌ವರ್ಡ್ ಬದಲಾಯಿಸ್ತೀನಿ.

ಕಂಪ್ಯೂಟರ್ ಮಾತ್ರ ಬಂದ್ ಮಾಡಬ್ಯಾಡ. ಅಜ್ಜಿ ಚಾ ಕುಡ್ಯಾಕ ಎದ್ದಾಳ, ಅಷ್ಟೇ. ಗೇಮಿನ್ಯಾಗ ಅಕಿದೊಂದು ಕುರಿಮರಿ ಇನ್ನೂ ಸಿಕ್ಕಿಲ್ಲ. ನೆಳ್ಳು ಉದ್ದ ಆಗೋದ್ರೊಳಗ ಅದು ಹಟ್ಟಿ ಸೇರಬೇಕಂತ. ಅದರಾಗ ನೀ ಆಡೋ ಕುದುರಿ ರೇಸ್ ಆಮ್ಯಾಲೆ.

ಅಕ್ಕ ಶಿವಲೀಲಾ