ಅಧ್ಯಕ್ಷರ ಮನೆಯವರು

ಬೇವಿನವಾಡಿ, ತಾ. ಆಳಂದ
೧೮ ಸೆಪ್ಟೆಂಬರ್ ೨೦೨೪

ಪಂಚಶೀಲಾಳ ಅಪ್ಪನವರಿಗೆ ಮಲ್ಕಮ್ಮ ಮಾಡುವ ಜೈಭೀಮ್.

ಕಾಲು ಹೇಗಿದೆ? ರಾಡು ಹಾಕಿದ ಕಡೆ ಜಗ್ಗುತ್ತದೆ ಅಂದಿದ್ದಿರಿ, ಈಗ ಕಡಿಮೆಯಾಗಿದೆಯೇ? ನೆಲಕ್ಕೆ ಕೂತೇ ಉಣ್ಣುತ್ತೇನೆ ಅನ್ನುವ ಹಟ ಬಿಡಿ, ಸೋಲಾಪುರದ ಅಕ್ಕ ಪಾಪ ಎಷ್ಟು ಸಲ ಹೇಳಬೇಕು. ಇಲ್ಲಿ ನಾವಿಬ್ಬರೂ ಆರಾಮ ಇದ್ದೇವೆ. ಉದ್ದಿನ ರಾಶಿ ಆಯಿತು, ತೊಗರಿ ಸೊಂಟದ ಮಟ ಬಂದಿದೆ. ನಿಮ್ಮ ಗಾಡಿಗೆ ಅಡ್ಡ ಬಂದ ಎಮ್ಮೆಯೂ ಆರಾಮ ಇದೆ, ಹೋದ ವಾರ ಕರು ಹಾಕಿತು.

ಫೋನ್ ಇರುವಾಗ ಕಾಗದ ಯಾಕೆ ಅಂತ ಕೇಳುತ್ತೀರಿ. ಫೋನಿನಲ್ಲಿ ನಾನು ಒಂದು ಮಾತು ತೆಗೆದರೆ "ಹಾಂ ಹಾಂ, ನಾ ಬಂದ ಮ್ಯಾಲ ನೋಡ್ತೇನಿ, ಇಡು" ಅಂತೀರಿ. ಕಾಗದಕ್ಕೆ ಹಾಗೆ ಅನ್ನಲು ಬರುವುದಿಲ್ಲ, ಅದು ತನ್ನ ಮಾತು ಮುಗಿಸಿಯೇ ಬಿಡುತ್ತದೆ. ಏಳನೇ ಇಯತ್ತೆಯ ತನಕ ಓದಿದ ಕೈ, ತಪ್ಪಿದ್ದರೆ ತಿದ್ದಿಕೊಂಡು ಓದಿ. ಆಫ್ತಾಬ ಇವತ್ತು ಟೆಂಪೋದಲ್ಲಿ ಉದ್ದು ಹೇರಿಕೊಂಡು ಸೋಲಾಪುರದ ಮಾರ್ಕೆಟಿಗೆ ಹೊರಟಿದ್ದಾನೆ, ಅವನ ಕೈಯಲ್ಲಿ ಕಳಿಸುತ್ತೇನೆ.

ಪಂಚಾಯ್ತಿ ಆಫೀಸಿನ ಸುದ್ದಿ ಮೊದಲು. ನಮ್ಮ ಟೇಬಲ್ಲಿನ ಹಿಂದೆ ಎರಡು ಕುರ್ಚಿ ಇವೆಯಲ್ಲ, ಮೀಸಲಾತಿ ಬಂದು ನಾನು ಅಧ್ಯಕ್ಷೆಯಾದ ವಾರವೇ ನೀವು ಸ್ವಂತ ದುಡ್ಡಿನಲ್ಲಿ ಆಳಂದದಿಂದ ತಂದ ಎತ್ತರದ ಮೆತ್ತನೆಯ ಕುರ್ಚಿ, ಅದರ ಬಗಲಿಗೆ ನನ್ನ ಪ್ಲಾಸ್ಟಿಕ್ ಕುರ್ಚಿ. ಮಾತಾಡುವುದು ನೀವು, ರುಜು ಹಾಕುವುದು ನಾನು. ನೀವು ಕಾಲು ಮುರಿದುಕೊಂಡು ಸೋಲಾಪುರಕ್ಕೆ ಹೋದ ಮೇಲೆ ಒಬ್ಬಳೇ ಆಫೀಸಿಗೆ ಹೋದೆ, ರೂಢಿಯ ಮೇಲೆ ಪ್ಲಾಸ್ಟಿಕ್ ಕುರ್ಚಿಯಲ್ಲೇ ಕೂತೆ. ಬಂದವರು ಬಾಗಿಲಲ್ಲಿ ಇಣುಕಿ, ಖಾಲಿ ಕುರ್ಚಿ ನೋಡಿ, ಅಧ್ಯಕ್ಷರಿಲ್ಲ ಅಂತ ತಿರುಗಿ ಹೋದರು. ಪಕ್ಕದ ಓಣಿಯ ಅಜೀಜಾಬಿ ಮಾತ್ರ ಒಳಗೆ ಬಂದು ನನ್ನನ್ನೇ ಕೇಳಿದಳು, "ಅಧ್ಯಕ್ಷರು ಯಾವಾಗ ಬರ್ತಾರ್ರಿ? ನೀವು ಅಧ್ಯಕ್ಷರ ಮನಿಯವರು, ನಿಮಗ ಗೊತ್ತಿರಬೇಕಲ್ಲ." ಅಲ್ಲಿ ನಗು ಬಂತು. ಮನೆಗೆ ಬಂದು ರೊಟ್ಟಿ ಬಡಿಯುವಾಗ ಅಳು ಬಂತು.

ಇನ್ನು ನಿಮ್ಮ ಮಗಳು. ಕಡಗಂಚಿಯ ವಿಶ್ವವಿದ್ಯಾಲಯದಲ್ಲಿ ಅವಳಿಗೆ ಅಮೆರಿಕದ ಅಧ್ಯಕ್ಷರುಗಳ ಜೀವನದ ಮೇಲೆ ಮಾತಾಡುವುದಿದೆ. ಅದಕ್ಕೆ ದಿನಾ ಸಂಜೆ ನಾನು ಹೊಲಿಗೆ ಮಷೀನಿನ ಮುಂದೆ ಕೂತರೆ ಅವಳು ಎದುರಿಗೆ ನಿಂತು ಭಾಷಣ ಶುರು ಮಾಡುತ್ತಾಳೆ. ಮೊದಲು ಬೇಸರ ಬಂತು, ಆ ಮೇಲೆ ನಾನೇ ಅವಳ ದಾರಿ ಕಾಯತೊಡಗಿದೆ. ಅವರೂ ಅಧ್ಯಕ್ಷರು, ನಾನೂ ಅಧ್ಯಕ್ಷೆ, ಒಂದೇ ಶಬ್ದವಲ್ಲವೇ. ಹ್ಯಾರಿಸನ್ ಅಂತ ಒಬ್ಬ ಗೆದ್ದ ಖುಷಿಗೆ ಕೊರೆಯುವ ಚಳಿಯಲ್ಲಿ ಕೋಟಿಲ್ಲದೆ ನಿಂತು ಎರಡು ತಾಸು ಭಾಷಣ ಮಾಡಿದನಂತೆ, ಒಂದೇ ತಿಂಗಳಿಗೆ ತೀರಿಕೊಂಡನಂತೆ. ಭಾಷಣಕ್ಕೇ ಸತ್ತ ಅಂತ ಜನ ಅಂದರು, ಈಗಿನ ಡಾಕ್ಟರು ಅಲ್ಲ ಅಂತಾರಂತೆ. ಜನವರಿ ಇಪ್ಪತ್ತಾರಕ್ಕೆ ನೀವು ಶಾಲೆಯ ಮಕ್ಕಳನ್ನು ಬಿಸಿಲಲ್ಲಿ ನಿಲ್ಲಿಸಿ ಮಾತಾಡಿದ್ದು ನೆನಪಾಯಿತು. ನಿಮಗೇನೂ ಆಗಲಿಲ್ಲ, ಮಕ್ಕಳೇ ತಲೆ ತಿರುಗಿ ಬಿದ್ದವು. ಆಂಡ್ರ್ಯೂ ಜಾನ್ಸನ್ ಅನ್ನುವವನು ಟೇಲರ್ ಇದ್ದನಂತೆ, ಬರೆಯಲು ಲೆಕ್ಕ ಮಾಡಲು ಕಲಿಸಿದವಳು ಅವನ ಹೆಂಡತಿ. ಕೇಳಿ ನನ್ನ ಮಷೀನ್ ನಿಂತುಹೋಯಿತು. ನಮ್ಮ ಪೈಕಿಯವನೊಬ್ಬ ಸಿಕ್ಕ ಅಂದುಕೊಂಡೆ. ಆದರೆ ಗುಲಾಮಗಿರಿಯಿಂದ ಬಿಡುಗಡೆಯಾದ ಕರಿಯ ಜನರಿಗೆ ಹಕ್ಕು ಕೊಡುವುದಕ್ಕೆ ಅಡ್ಡ ನಿಂತವನೂ ಅವನೇ ಅಂತ ಮಗಳು ಮುಂದೆ ಓದಿದಳು. ಟೇಲರ್ ಆದರೇನು, ಅವನನ್ನು ಅಲ್ಲಿಗೇ ಬಿಟ್ಟೆ.

ನಿಮಗೆ ಹೇಳಬೇಕಾದ್ದು ವಿಲ್ಸನ್ ಅನ್ನುವ ಅಧ್ಯಕ್ಷನ ಸಂಗತಿ. ಅವನಿಗೆ ಲಕ್ವಾ ಹೊಡೆಯಿತು. ವರ್ಷಕ್ಕೂ ಹೆಚ್ಚು ಕಾಲ ಅವನ ಹತ್ತಿರ ಯಾರು ಹೋಗಬೇಕು, ಯಾವ ಕಾಗದ ಅವನ ಮುಂದೆ ಇಡಬೇಕು ಅನ್ನುವುದನ್ನು ಹೆಂಡತಿಯೇ ನೋಡಿಕೊಂಡಳಂತೆ. ಜನ ಆಡಿಕೊಂಡರಂತೆ, ದೇಶ ಆಳುವವಳು ಅವಳೇ ಅಂತ. ಆಕೆ ಮಾತ್ರ, ನಾನು ಯಾವ ತೀರ್ಮಾನವನ್ನೂ ಮಾಡಲಿಲ್ಲ, ಯಾವುದು ಮುಖ್ಯ ಅನ್ನುವುದನ್ನಷ್ಟೇ ನೋಡಿದೆ ಅಂದಳಂತೆ. ಇಲ್ಲಿಗೆ ಬಂದಾಗ ನಾವಿಬ್ಬರೂ ಒಬ್ಬರ ಮುಖ ಒಬ್ಬರು ನೋಡಿಕೊಂಡೆವು. "ನಾ ಏನ್ ಮಾಡೇನಿ, ರುಜು ಹಾಕಾಕಿ ನೀನ ಅಲ್ಲ" ಅಂತ ನೀವು ಅನ್ನುವುದು ಅದೇ ಮಾತು. ಆದರೆ ಅವಳ ಗಂಡನಿಗೆ ಲಕ್ವಾ ಹೊಡೆದಿತ್ತು, ನನಗೇನಾಗಿತ್ತು ಅಂತ ಕೇಳಿದೆ. ಪಂಚಶೀಲಾ ನಕ್ಕಳು, "ಹಂಗಾದ್ರ ಯವ್ವಾ, ಅಧ್ಯಕ್ಷರ ಮನಿಯವರು ಅಂದ್ರ ಅಪ್ಪ." ಸಿಟ್ಟಾಗಬೇಡಿ, ನೀವು ಹೊತ್ತು ತಿರುಗಿದ ಮಗಳು. ಅಮೆರಿಕದಲ್ಲಿ ಇಷ್ಟು ವರ್ಷವಾದರೂ ಒಬ್ಬ ಹೆಣ್ಣುಮಗಳೂ ಆ ಕುರ್ಚಿಯಲ್ಲಿ ಕೂತಿಲ್ಲವಂತೆ. ನಮ್ಮಲ್ಲಿ ಎರಡು ಪಂಚಾಯ್ತಿಗೊಬ್ಬಳಂತೆ ಸಿಗುತ್ತೇವೆ, ಆದರೆ ಕೂತವರೆಷ್ಟು ಅಂತ ಅವಳು ಕೇಳಿದಳು.

ನೀರಿನ ವಿಷಯ ಮೇಲಿನ ಓಣಿಯ ಮಲ್ಲಣ್ಣ ಸಾಹುಕಾರರು ನಿಮಗೆ ಹೇಳಿದ್ದಾರೆ, ಅವರ ಪಾಲಿನದಷ್ಟೇ ಹೇಳಿದ್ದಾರೆ. ವಾಲ್ವ್ ತಿರುಗಿಸುವ ಖಲೀಲ ಇಷ್ಟು ದಿನ ಬೆಳಿಗ್ಗೆ ಮೇಲಿನ ಓಣಿಗೆ ನೀರು ಬಿಟ್ಟು, ಹೊತ್ತೇರಿದ ಮೇಲೆ ನಮ್ಮ ಓಣಿಗೂ ಅಜೀಜಾಬಿಯ ಓಣಿಗೂ ಬಿಡುತ್ತಿದ್ದ. ಆಗ ಹೆಂಗಸರೆಲ್ಲ ಹೊಲದಲ್ಲಿ. ನೀರಿಗೆ ನಿಂತರೆ ಕೂಲಿ ಹೋಯಿತು, ಕೂಲಿಗೆ ಹೋದರೆ ನೀರು ಹೋಯಿತು. ಕೆಳಗಿನ ಓಣಿಯವಳೇ ಅಧ್ಯಕ್ಷೆಯಾದರೂ ಇದು ಬದಲಾಗಲಿಲ್ಲ ಅಂತ ಅಜೀಜಾಬಿ ಎಲ್ಲರ ಮುಂದೆ ಅಂದಳು, ಅಂದದ್ದು ಖರೆ. ಮೀಟಿಂಗಿನಲ್ಲಿಟ್ಟು ಬರೆಸಿದೆ: ಒಂದು ವಾರ ಬೆಳಿಗ್ಗೆ ಅವರಿಗೆ, ಒಂದು ವಾರ ನಮಗೆ. ಮೇಲಿನ ಓಣಿಯ ಇಬ್ಬರು ಸದಸ್ಯೆಯರೂ ಕೈ ಎತ್ತಿದರು, ಅವರ ಗಂಡಂದಿರು ಆವತ್ತು ಆಳಂದಕ್ಕೆ ಹೋಗಿದ್ದರು. ಮರುದಿನ ಸಾಹುಕಾರರು ನಮ್ಮ ಮನೆಯ ಮುಂದೆ ಗಾಡಿ ನಿಲ್ಲಿಸಿ, "ನಿನ್ನ ಗಂಡ ಜಗದೇವ ಬರಲಿ, ಅವನ ಕೂಡ ಮಾತಾಡ್ತೇನಿ" ಅಂದರು. ಅವಿಶ್ವಾಸ ತರುವ ಮಾತೂ ಆಡಿದರು. ಅದೇ ಸಂಜೆ ನಿಮ್ಮ ಫೋನ್ ಬಂತು, "ಮೊದಲಿನಂಗ ಮಾಡಿಬಿಡು." ಆರಾಮ ಇದ್ದೀಯಾ ಅಂತ ಸಹ ಕೇಳಲಿಲ್ಲ, ಆವತ್ತು ನನಗೆ ಜ್ವರ ಇತ್ತು.

ನಿಮ್ಮ ಅಂಜಿಕೆ ನನಗೆ ಗೊತ್ತಿಲ್ಲ ಅಂತಲ್ಲ. ಸಾಹುಕಾರರ ಟ್ರ್ಯಾಕ್ಟರ್ ಇಲ್ಲದಿದ್ದರೆ ನಮ್ಮ ಹೊಲ ಹರಗಲು ಆಗುವುದಿಲ್ಲ, ನಾಳೆ ಅವರು ಮುಖ ತಿರುಗಿಸಿದರೆ ಅನುಭವಿಸುವವರು ನಾವೇ. ನೀವು ಆ ಎತ್ತರದ ಕುರ್ಚಿಯಲ್ಲಿ ಕೂತಾಗ ಸಾಹುಕಾರರು ಎದುರಿನ ಬೆಂಚಿನಲ್ಲಿ ಕೂಡುತ್ತಿದ್ದರು, ಅದನ್ನು ನೋಡಿ ನನಗೂ ಎದೆ ತುಂಬುತ್ತಿತ್ತು. ನಿಮ್ಮಪ್ಪ ಅವರ ಅಂಗಳದಲ್ಲಿ ಚಪ್ಪಲಿ ಕೈಯಲ್ಲಿ ಹಿಡಿದು ನಿಂತವರು. ಆ ಕುರ್ಚಿ ನಿಮಗೆ ಏನು ಅನ್ನುವುದು ನನಗಿಂತ ಚೆನ್ನಾಗಿ ಯಾರಿಗೂ ಗೊತ್ತಿಲ್ಲ. ಆದರೆ ಕುರ್ಚಿ ಎತ್ತರವಾಯಿತು, ನೀರು ಮಾತ್ರ ಅವರಿಗೇ ಮೊದಲು ಹೋಯಿತು. ಆಡಮ್ಸ್ ಅನ್ನುವ ಇನ್ನೊಬ್ಬ ಅಧ್ಯಕ್ಷ ಸೋತು ಇಳಿದ ಮೇಲೆ ಮತ್ತೆ ನಿಂತು ಅಲ್ಲಿನ ಸಂಸತ್ತಿನಲ್ಲಿ ಸಾದಾ ಸದಸ್ಯನಾದನಂತೆ. ಕಡೆ ಉಸಿರಿನ ತನಕ ಹಿಂದಿನ ಸಾಲಿನಿಂದಲೇ ಗುಲಾಮಗಿರಿಯ ವಿರುದ್ಧ ಜಗಳಾಡಿದನಂತೆ. ಕುರ್ಚಿ ಹೋದ ಮೇಲೆಯೇ ಅವನು ದೊಡ್ಡವನಾದ ಅಂತ ಮಗಳು ಅಂತಾಳೆ. ನನಗೆ ಅಷ್ಟೆಲ್ಲ ತಿಳಿಯುವುದಿಲ್ಲ. ನೀವಿಲ್ಲದ ಮನೆ ನನಗೆ ಸೇರುವುದಿಲ್ಲ, ಅದು ಒಂದು. ನೀವು ಬಂದರೆ ನನ್ನ ಬಾಯಿ ಮತ್ತೆ ಮುಚ್ಚಿಹೋಗುತ್ತದೇನೋ ಅಂತ ಹೆದರಿಕೆ, ಅದು ಇನ್ನೊಂದು. ಎರಡೂ ಖರೆ.

ಅಕ್ಕನಿಗೂ ಮಕ್ಕಳಿಗೂ ನನ್ನ ಶರಣು ಹೇಳಿ. ಜೋಳದ ಹಿಟ್ಟು, ರೊಟ್ಟಿಗೆ ಹಚ್ಚಿಕೊಳ್ಳಲು ಶೇಂಗಾ ಹಿಂಡಿ ಆಫ್ತಾಬನ ಕೈಯಲ್ಲಿದೆ, ಹಿಂಡಿಯನ್ನು ಒಂದೇ ದಿನಕ್ಕೆ ಮುಗಿಸಬೇಡಿ. ಸೋಮವಾರ ಬರುವಾಗ ಬಸ್ಸು ಬೇಡ, ಟೆಂಪೋದ ಮುಂದಿನ ಸೀಟು ನಿಮಗಾಗಿ ಹೇಳಿಟ್ಟಿದ್ದೇನೆ. ಬಾಬಾಸಾಹೇಬರ ಫೋಟೋದ ಮುಂದೆ ದಿನಾ ನಿಮ್ಮ ಕಾಲಿನದೇ ಧ್ಯಾನ.

ನಿಮ್ಮ
ಮಲ್ಕಮ್ಮ
(ಕೈಗೆ ರೂಢಿಯಾಗಿ ಕೆಳಗೆ "ಅಧ್ಯಕ್ಷರು" ಅಂತ ಬರೆಯಹೋಗಿದ್ದೆ.)

ತಾ.ಕ.: ಆಫ್ತಾಬ ಹಾರ್ನ್ ಹೊಡೆಯುತ್ತಿದ್ದಾನೆ. ವಾಲ್ವ್ ಮೊದಲಿನ ಹಾಗೆ ಮಾಡಿಲ್ಲ, ಮಾಡುವುದಿಲ್ಲ. ಇನ್ನೊಂದು, ಡಾಕ್ಟರು ನಿಮಗೆ ಎತ್ತರದ ಕುರ್ಚಿಯೇ ಬೇಕು ಅಂದಿದ್ದಾರಲ್ಲ, ಅದಕ್ಕೆ ನಿಮ್ಮ ಕುರ್ಚಿಯನ್ನು ಆಫೀಸಿನಿಂದ ಮನೆಗೆ ತರಿಸಿ ಪಡಸಾಲೆಯಲ್ಲಿ ಹಾಕಿಸಿದ್ದೇನೆ. ನಿಮ್ಮ ದುಡ್ಡಿನದು, ಯಾರೂ ಕೇಳುವ ಹಾಗಿಲ್ಲ. ಆಫೀಸಿನ ಟೇಬಲ್ ಹಿಂದೆ ಈಗ ಪ್ಲಾಸ್ಟಿಕ್ ಕುರ್ಚಿ ಒಂದೇ, ಬಂದವರು ಯಾರೂ ತಿರುಗಿ ಹೋಗುತ್ತಿಲ್ಲ. ಸೋಮವಾರ ಮೀಟಿಂಗ್ ಇದೆ, ನಾನು ಬರುವುದು ತಡವಾಗಬಹುದು. ಒಲೆಯ ಮುಂದೆ ನಿಲ್ಲುವಷ್ಟು ಕಾಲು ಗಟ್ಟಿಯಾಗಿದೆ ಅಂತ ಅಕ್ಕ ಹೇಳಿದಳು. ಅಧ್ಯಕ್ಷರು ಬರುವ ಹೊತ್ತಿಗೆ ಅಧ್ಯಕ್ಷರ ಮನೆಯವರು ಚಹಾ ಮಾಡಿಟ್ಟಿರಲಿ.