ಸುಳ್ಳು ಸಾವಿಗೆ ಒಂದು ಮಗು

ಕುಮಾಸಿ
14 ಆಗಸ್ಟ್ 1996

ಪ್ರೀತಿಯ ಅಡೊಮಾಕೊ,

ಕೆಮ್ಮು ಇಳಿಯಿತೇ? ಶೂಟಿಂಗ್ ಶುರುವಾದರೆ ನಿನಗೆ ಹಸಿವೂ ನೆನಪಿರುವುದಿಲ್ಲ; ಜೋಳದ ಹಿಟ್ಟಿನ ಕೆಂಕೆ, ಹುರಿದ ಮೀನು ಕಟ್ಟಿದ್ದೇನೆ, ಹಳಸುವ ಮೊದಲು ತಿನ್ನು. ನಮ್ಮ ಪೊಕುವಾಗೆ ಹಲ್ಲು ಬರುತ್ತಿದೆ. ಅವಳು ಚೆನ್ನಾಗಿ ಮಲಗುತ್ತಾಳೆ, ನಿದ್ದೆಯಿಲ್ಲದಿರುವುದು ನನಗೆ.

ಲಾರಿ ಡ್ರೈವರ್ ಬೊನ್ಸು ನಿನ್ನ ಮಾತು ತಲುಪಿಸಿದ: “ಶವಪೆಟ್ಟಿಗೆ ಸೀನಿಗೆ ಯಾರೂ ಕೂಸು ಕೊಡ್ತಿಲ್ಲ. ಪೊಕುವಾನ ಕರ್ಕೊಂಡು ಬಾ. ನಿದ್ದೇಲಿದ್ದಾಗ ತೆಗೀತೀನಿ, ಅವಳಿಗೆ ಗೊತ್ತೇ ಆಗಲ್ಲ.”

ಕಥೆ ಬರೆಯುವವನು, ಕ್ಯಾಮೆರಾ ಹಿಡಿಯುವವನು, ಪೊಲೀಸಿನ ವೇಷ ಹಾಕುವವನು, ಎಡಿಟಿಂಗ್ ಮುಗಿಸಿ ಪೋಸ್ಟರಿಗೆ ಬಣ್ಣ ಹಚ್ಚುವವನು ಎಲ್ಲವೂ ನೀನೇ. ಆ ಹುಚ್ಚು ನೋಡಿಯೇ ಕಾಲೇಜು ಮುಗಿಸಿದವಳು ನಿನ್ನ ಮೈಕು ಹಿಡಿಯಲು ಬಂದೆ. ಆದರೆ ಪೆಟ್ಟಿಗೆಯಲ್ಲಿ ಮಲಗಿದವರನ್ನು ಶಾಟ್ ಮುಗಿದ ಕೂಡಲೇ ಹೆಸರು ಹಿಡಿದು ಕರೆದು, ಬಾಯಿಗೆ ಮಿಠಾಯಿ ಹಾಕಿ ನಗಿಸಬೇಕು. ಇದು ಆಟವೆಂದು ಸಾವಿಗೆ ತಿಳಿಯಬೇಕು. ಬೇರೆಯವರ ಸೆಟ್ಟಿನಲ್ಲಿ ಅದಕ್ಕೆಂದೇ ಒಬ್ಬರಿರುತ್ತಾರೆ. ನಿನ್ನಲ್ಲಿ ಆ ಕೆಲಸವೂ ನಿನ್ನದೇ. ನಿನ್ನ ಚಿತ್ರಕ್ಕಾಗಿ ಅತ್ತೆ ಪೆಟ್ಟಿಗೆಯಲ್ಲಿ ಮಲಗಿದ ದಿನ, ಬೆಳಕು ಹೋಗುತ್ತಿದೆಯೆಂದು ನೀನು ಕ್ಯಾಮೆರಾ ಹೊತ್ತು ಓಡಿಬಿಟ್ಟೆ. ನಾನಾಗ ಬಸುರಿ, ಮನೆಯಲ್ಲಿದ್ದೆ. ಪೆಟ್ಟಿಗೆ ವಾಪಸು ಒಯ್ಯಲು ಬಂದ ಬಡಗಿ “ಏನಜ್ಜೀ, ಇದ್ರಲ್ಲೇ ಸಂಸಾರ ಹೂಡ್ತೀಯಾ?” ಎಂದನಂತೆ. “ನನ್ನ ಮಗ ಕರೀಲೇ ಇಲ್ಲ ಕಣೋ, ಹೆಂಗೆ ಏಳ್ಲಿ?” ಎಂದು ಅತ್ತೆ ನಕ್ಕರಂತೆ. ಆ ಚಿತ್ರ ಬಿಡುಗಡೆಯಾಗುವಾಗ ಅವರಿರಲಿಲ್ಲ.

ರಕ್ತದೊತ್ತಡ ಎಂದು ಡಾಕ್ಟರ್ ಹೇಳಿದ್ದು ನನಗೂ ಗೊತ್ತು. ಓದಿದವಳು, ನಾನು ಇದನ್ನೆಲ್ಲ ನಂಬಬಾರದು. ಆದರೂ ಮಾರ್ಕೆಟ್ಟಿನಲ್ಲಿ ಹೆಂಗಸರು “ಸಿನಿಮಾದಲ್ಲಿ ಎಷ್ಟು ಚೆಂದ ಸತ್ಲು, ಅಭ್ಯಾಸ ಆಗೋಯ್ತು ಪಾಪ” ಎಂದಾಗ ಮಗುವನ್ನು ಬೆನ್ನಿಗೆ ಇನ್ನಷ್ಟು ಬಿಗಿದುಕೊಂಡೆ. ನೀನು ಅಮ್ಮನಿಗಾಗಿ ಅತ್ತದ್ದನ್ನು ನಾನು ನೋಡಲಿಲ್ಲ. ಅಂದಿನಿಂದ ಪ್ರತಿ ಕಥೆಯಲ್ಲೂ ಯಾರನ್ನಾದರೂ ಪೆಟ್ಟಿಗೆಯಲ್ಲಿ ಮಲಗಿಸುತ್ತೀ, ಮಿಠಾಯಿ ಹಿಡಿದು ನಿಂತು ಗಂಟಲು ಕಟ್ಟುವವರೆಗೆ ಕರೆಯುತ್ತೀ. ಅವರೆಲ್ಲ ಎದ್ದು ಬರುತ್ತಾರೆ, ನಿನಗೆ ಸಾಕಾಗುವುದಿಲ್ಲ. ಪೊಕುವಾಗೆ ಹೆಸರು ಕರೆದರೆ ತಿರುಗಿ ನೋಡುವುದೇ ಇನ್ನೂ ಬಂದಿಲ್ಲ, ಅಡೊಮಾಕೊ.

ಅತ್ತೆಯ ಆಶೀರ್ವಾದ ನಿನ್ನ ಮೇಲಿರಲಿ. ಅವರಿಗೆ ನಿನ್ನ ಮೇಲೆ ಸಿಟ್ಟಿರಲಿಲ್ಲ.

ನಿನ್ನ,
ಸೆರ್ವಾ

ಮರೆತೆ: ಬೊನ್ಸು ಹಾರ್ನ್ ಹೊಡೆಯುತ್ತಿದ್ದಾನೆ. ಅವನ ಲಾರಿಯಲ್ಲಿ ನಾವಿಲ್ಲ. ಇವತ್ತೇ ಮಗುವನ್ನು ಕರೆದುಕೊಂಡು ಹೊರಡುತ್ತಿದ್ದೇನೆ. ಬೀಗದ ಕೈ ಪಕ್ಕದ ಮನೆಯಲ್ಲಿದೆ. ಚಿತ್ರ ಮುಗಿದ ಸುದ್ದಿ ಕಿವಿಗೆ ಬಿದ್ದ ಮೇಲೆ ಬರುತ್ತೇವೆ. ಎಲ್ಲಿಗೆ ಎಂದು ಬರೆಯುತ್ತಿಲ್ಲ, ಬರೆದರೆ ನೀನು ಬಂದುಬಿಡುತ್ತೀ, ನಾನು ಕೊಟ್ಟುಬಿಡುತ್ತೇನೆ.